ಸೋಸಿದ ನೀರು

ನಮ್ಮೂರ ಕಥೆಯನ್ನು ನಾನು ಹೇಳಬಾರದು. ಮೊದಲೇ ಹೇಳಿಬಿಡುತ್ತೇನೆ, ಆಮೇಲೆ ನೀವು ಎದ್ದು ಹೋದರೂ ನನಗೆ ಬೇಜಾರಿಲ್ಲ. ನಮ್ಮ ಕಣಿವೆಯಲ್ಲಿ ಯಾವ ಊರೂ ತನ್ನ ಕಥೆಯನ್ನು ತಾನೇ ಹೇಳಿಕೊಳ್ಳುವ ಹಾಗಿಲ್ಲ. ಮೇಲೂರಿನ ಕಥೆಯನ್ನು ನಡುವೂರು ಹೇಳಬೇಕು. ನಡುವೂರಿನ ಕಥೆಯನ್ನು ಕೆಳವೂರು ಹೇಳಬೇಕು. ಕೆಳವೂರಿನ ಕಥೆಯನ್ನು ಸಮುದ್ರ ಹೇಳುತ್ತದಂತೆ. ಅವರು ವರ್ಷಕ್ಕೊಮ್ಮೆ ಹೋಗಿ ದಡದಲ್ಲಿ ಕೂತು ಕೇಳಿಸಿಕೊಂಡು ಬರುತ್ತಾರೆ, ಏನು ಅರ್ಥವಾಯಿತು ಅಂತ ಯಾರೂ ಕೇಳುವುದಿಲ್ಲ. ಹೊಳೆ ಹರಿಯುವ ಕಡೆಗೇ ಕಥೆಯೂ ಹರಿಯಬೇಕು. ತನ್ನಿಂದ ಏನು ಹೋಯಿತು ಅನ್ನುವುದು ಊರಿಗೆ ಗೊತ್ತಿರುವುದಿಲ್ಲ, ಗೊತ್ತಿದ್ದರೂ ಅದು ಬಾಯಿ ಬಿಡುವುದಿಲ್ಲ. ಕೆಳಗಿನವರಿಗೆ ಮಾತ್ರ ಎಲ್ಲ ಕಾಣುತ್ತದೆ.

ನಾನು ನಡುವೂರಿನವನು. ಮೂವತ್ತೊಂದು ವರ್ಷ ನಡುವೂರಿನ ಹೇಳುವವನಾಗಿದ್ದೆ. ಅಂದರೆ ಮೇಲೂರಿನ ಕಥೆ ಹೇಳುವುದು ನನ್ನ ಪಾಲಿನ ಕೆಲಸ. ನನ್ನಪ್ಪನೂ ಹೇಳುವವನೇ, ಅವನ ಅಪ್ಪನೂ ಹೇಳುವವನೇ. ಅವರಿಬ್ಬರೂ ಮರ್ಯಾದೆಯಿಂದ ಸತ್ತರು.

ಹೊಳೆ ಇಳಿದು ಮರಳು ಕಂಡ ಮೊದಲ ದಿನ ಹೇಳಿಕೆ. ಮೇಲೂರಿನವರು ಬೆಳಗ್ಗೆ ಇಳಿದು ಬಂದು ನಮ್ಮ ಸೋಪಾನದ ಮೇಲೆ ಕೂರುತ್ತಾರೆ. ಹಿಂದೆ ನಮ್ಮೂರಿನವರು ನಿಲ್ಲುತ್ತಾರೆ. ನಾನು ಮೊಣಕಾಲುದ್ದ ನೀರಿಗೆ ಇಳಿಯುತ್ತೇನೆ. ಮೂರು ಸಲ ಬೊಗಸೆಯಲ್ಲಿ ನೀರೆತ್ತುತ್ತೇನೆ, ಮೂರು ಸಲ ಬಿಡುತ್ತೇನೆ. ಆಮೇಲೆ ಹೇಳುತ್ತೇನೆ: 'ಮೇಲಿನವರೇ, ನಿಮ್ಮಿಂದ ಬಂದದ್ದನ್ನು ಬಂದ ಹಾಗೆ ಹೇಳುತ್ತೇನೆ. ಕೂಡಿಸುವುದಿಲ್ಲ, ಕಳೆಯುವುದಿಲ್ಲ.' ಅವರು ಒಟ್ಟಿಗೆ ಅನ್ನುತ್ತಾರೆ: 'ಹೇಳಪ್ಪ, ನಮಗೆ ಕಾಣದ್ದು ನಿನಗೆ ಕಂಡಿದೆ.'

ಬಿದಿರೆಲೆ ಬಂತು. ಒಂದು ಕಡಗೋಲು ಬಂತು, ಹಗ್ಗ ಇನ್ನೂ ಸುತ್ತಿಕೊಂಡಿತ್ತು. ಎರಡು ದಿನ ಕೆಂಪು ಕೆಸರು ಬಂತು, ನೀವು ಗುಡ್ಡ ಅಗೆದಿರಿ. ಒಂದು ಬಾಸಿಂಗ ಬಂತು, ಒಣಗುವ ಮುಂಚೆಯೇ ಯಾರೋ ಬಿಸಾಡಿದಿರಿ. ಹೀಗೆ ಹೇಳುತ್ತಾ ಹೋಗುತ್ತೇನೆ. ಒಬ್ಬರು ತಲೆ ತಗ್ಗಿಸುತ್ತಾರೆ, ಇನ್ನೊಬ್ಬರು ಕಿಸಕ್ಕನೆ ನಗುತ್ತಾರೆ. ಬಾಸಿಂಗ ಬಿಸಾಡಿದವಳು ಸೆರಗು ಬಾಯಿಗಿಟ್ಟುಕೊಳ್ಳುತ್ತಾಳೆ. ಯಾರೂ ಎದುರಾಡುವುದಿಲ್ಲ. ಅದೇ ಅವರ ಚರಿತ್ರೆ. ಅದನ್ನು ಕೇಳಿಕೊಂಡು, ನಮ್ಮ ಮನೆಗಳಲ್ಲಿ ಉಂಡು, ಸಂಜೆಗೆ ಮುಂಚೆ ಹತ್ತಿ ಹೋಗುತ್ತಾರೆ.

ಇನ್ನೊಂದು ಕಟ್ಟಳೆ ಇದೆ. ಹೊಳೆ ಯಾರನ್ನಾದರೂ ಎಳೆದುಕೊಂಡು ಹೋದರೆ, ಕೆಳಗಿನ ಊರಿನ ಹೇಳುವವರು 'ಬಂದರು' ಅನ್ನುವವರೆಗೆ ಅವರು ಸತ್ತವರಲ್ಲ. ಮನೆಯವರು ಅಳುವ ಹಾಗಿಲ್ಲ. ತಿಥಿ ಮಾಡುವ ಹಾಗಿಲ್ಲ. ಊಟದ ಹೊತ್ತಿಗೆ ಅವರಿಗೂ ಒಂದು ಎಲೆ ಹಾಕಬೇಕು. ನನ್ನ ನಾಲಿಗೆ ಎಷ್ಟು ಭಾರದ್ದು ಅಂತ ನಿಮಗೆ ತಿಳಿಯಲಿ ಅಂತ ಇದನ್ನು ಹೇಳಿದೆ. ಜಂಬಕ್ಕಲ್ಲ.

ಎರಡನೆಯ ದಿನ ನಾವು ಕೆಳವೂರಿಗೆ ಇಳಿದು ಹೋಗಿ ನಮ್ಮ ಕಥೆ ಕೇಳಬೇಕು. ಅಲ್ಲಿಯ ಹೇಳುವವಳು ಒಬ್ಬಳು ಮುದುಕಿ. ಕಡ್ಡಿ ಮುರಿದ ಹಾಗೆ ಮಾತಾಡುವವಳು. ಅವಳ ಮುಂದೆ ಕೂರುವುದೆಂದರೆ ನಮಗೆ ಮೈಯೆಲ್ಲ ಮುಳ್ಳು.

ಒಂದು ವರ್ಷ ಮೇಲೂರಿನವರು ಅಕ್ಕಿ ಕೇಳಿಕೊಂಡು ಬಂದರು. ಅವರ ಗದ್ದೆಗೆ ಇಲಿ ಬಿದ್ದಿತ್ತು. ನಮ್ಮ ಊರ ಯಜಮಾನರು ಎದೆ ಮೇಲೆ ಕೈ ಇಟ್ಟುಕೊಂಡು, 'ಅಯ್ಯೋ, ನಮಗೇ ಈ ವರ್ಷ ಗಂಜಿ ಕಣ್ರಪ್ಪ' ಅಂದರು. ನಾವೆಲ್ಲ ಗೋಣು ಹಾಕಿದೆವು. ಅದೇ ವಾರ ಯಜಮಾನರ ಮನೆಯಲ್ಲಿ ನಾಮಕರಣ, ನಾನೂ ಉಂಡು ಬಂದಿದ್ದೆ. ಹೋಳಿಗೆ ಚೆನ್ನಾಗಿತ್ತು. ಆ ವರ್ಷದ ಹೇಳಿಕೆಯಲ್ಲಿ ಕೆಳವೂರಿನ ಮುದುಕಿ ನೀರಿನಲ್ಲಿ ನಿಂತು ಹೇಳಿದಳು: 'ನಡುವಿನವರೇ, ನಿಮ್ಮಿಂದ ಮೂರು ದಿನ ಅನ್ನ ಬಂತು. ಹಳಸಿದ ಅನ್ನ. ಎಲೆ ಸಮೇತ ಬಂತು. ಮೀನೂ ಮೂಸಲಿಲ್ಲ.'

ಮೇಲೂರಿನ ನಾಲ್ಕು ಜನ ಅಂದು ಅಲ್ಲೇ ನೆಂಟರ ಮನೆಗೆ ಬಂದವರು ಕೂತಿದ್ದರು. ನಮ್ಮ ಕಡೆ ತಿರುಗಿಯೂ ನೋಡಲಿಲ್ಲ. ಬೈದಿದ್ದರೆ ಬದುಕಿಕೊಳ್ಳುತ್ತಿದ್ದೆವು.

ಊರು ಮುಟ್ಟಿದ ಮೇಲೆ ಯಜಮಾನರು, 'ಆ ಮುದುಕಿ ನಾಲಿಗೆಗೆ ಬೀಗ ಇಲ್ವಾ?' ಅಂದರು. ನಾನು ಹೇಳಿದೆ: 'ನಾಲಿಗೆಗೆ ಯಾಕೆ ಬೀಗ, ಯಜಮಾನ್ರೇ? ಹೊಳೆಗೇ ಹಾಕಿದ್ರಾಯ್ತು. ಇಲ್ಲಿಂದ ಏನೂ ಹೋಗದೇ ಇದ್ರೆ ಅವಳು ಹೇಳೋದಾದ್ರೂ ಏನು?'

ಹೌದು, ನಾನೇ. ಬೇರೆ ಯಾರ ತಲೆಗೂ ಕಟ್ಟುವುದಿಲ್ಲ. ಅಕ್ಕಿ ಕೊಡಬೇಕಾಗಿದ್ದ ಊರಿಗೆ ನಾನು ಬಲೆ ಕಟ್ಟುವ ಬುದ್ಧಿ ಹೇಳಿದೆ. ಎಲ್ಲರೂ ನನ್ನ ಬೆನ್ನು ತಟ್ಟಿದರು, ನಾನು ಹಲ್ಲು ಕಿರಿದೆ.

ನಮ್ಮೂರಿನ ಕೆಳಗೆ ಹೊಳೆ ಎರಡು ಬಂಡೆಗಳ ನಡುವೆ ಇರುಕಿಕೊಂಡು ಓಡುತ್ತದೆ. ಅಲ್ಲಿ ತೆಂಗಿನ ನಾರಿನ ಹಗ್ಗದಲ್ಲಿ ಹೆಣೆದ ಬಲೆ ಕಟ್ಟಿದೆವು. ನೀರಿನ ಮೇಲೆ ಕಾಣದ ಹಾಗೆ, ಒಂದು ಗೇಣು ಕೆಳಗೆ. ನೀರು ಏರಿದ ಹಾಗೆ ಬಲೆಯನ್ನೂ ಏರಿಸಿ ಕಟ್ಟುತ್ತಿದ್ದೆವು. ದಿನಾ ಬೆಳಗ್ಗೆ ಊರಿನ ಇಬ್ಬರು ಹೋಗಿ, ಸಿಕ್ಕಿದ್ದನ್ನು ಎಳೆದು, ಒಣಗಿಸಿ, ಸುಡಬೇಕು. ಒಡೆದ ಮಡಕೆ ಸಿಕ್ಕಿತು. ಬಣ್ಣದ ಬಟ್ಟೆ ಸಿಕ್ಕಿತು. ಮುರಿದ ತೊಟ್ಟಿಲು ಸಿಕ್ಕಿತು. ನಮ್ಮ ಜಗಳ, ನಮ್ಮ ಕಳ್ಳತನ, ನಮ್ಮ ದುಂದು ಎಲ್ಲ ಸಿಕ್ಕಿತು, ಎಲ್ಲವನ್ನೂ ಸುಟ್ಟೆವು.

ಮುಂದಿನ ವರ್ಷ ಕೆಳವೂರಿನ ಮುದುಕಿ ನೀರಿನಲ್ಲಿ ನಿಂತಳು. ಮೂರು ಸಲ ಎತ್ತಿದಳು, ಮೂರು ಸಲ ಬಿಟ್ಟಳು. 'ನಡುವಿನವರೇ, ನಿಮ್ಮಿಂದ ಏನೂ ಬರಲಿಲ್ಲ' ಅಂದಳು. ಆಮೇಲೆ ಬೊಗಸೆಯ ನೀರನ್ನು ಮೂಸಿ ನೋಡಿ, 'ಸೋಸಿದ ಹಾಗಿದೆ' ಅಂದಳು.

ನಾವು ಊರಿಗೆ ಬಂದು ಪಾನಕ ಹಂಚಿದೆವು. ಏನೂ ಬರಲಿಲ್ಲ ಅನ್ನುವ ಮಾತನ್ನು ಹೊಗಳಿಕೆ ಅಂತ ತಿಳಿದ ಊರು ಇದೊಂದೇ ಇರಬೇಕು.

ಈಗ ಕೆಳವೂರಿನ ಬಗ್ಗೆ ಒಂದು ಮಾತು. ಅಲ್ಲಿ ಹೊಳೆ ಅಗಲವಾಗಿ, ನಿಧಾನವಾಗಿ ಬಳಸಿಕೊಂಡು ಹೋಗುತ್ತದೆ. ಪ್ರವಾಹದ ದಿನಗಳಲ್ಲಿ ಅವರು ಉದ್ದ ಗಳುಗಳಿಗೆ ಕೊಕ್ಕೆ ಕಟ್ಟಿಕೊಂಡು ದಡದಲ್ಲಿ ಸಾಲಾಗಿ ನಿಲ್ಲುತ್ತಾರೆ. ಮೇಲಿಂದ ಯಾರು ಬಿದ್ದರೂ ನಮ್ಮ ಇರುಕಿನಲ್ಲಿ ಹಿಡಿಯಲು ಆಗುವುದಿಲ್ಲ. ಅಲ್ಲಿ ನೀರಿನ ಓಟ ಅಂಥದ್ದು, ಕಾಲಿಟ್ಟವನೂ ಹೋದ. ಆದರೆ ಕೆಳವೂರಿನವರು ಹಿಡಿಯುತ್ತಾರೆ. ನನ್ನ ಕಾಲದಲ್ಲೇ ಹನ್ನೊಂದು ಜನರನ್ನು ಉಸಿರಿರುವಾಗಲೇ ಎಳೆದು ಹಾಕಿದ್ದಾರೆ. ಇದು ನಮಗೆಲ್ಲ ಗೊತ್ತಿತ್ತು. ಬಲೆ ಕಟ್ಟುವಾಗ ಒಬ್ಬರಿಗೂ ನೆನಪಾಗಲಿಲ್ಲ.

ಬಲೆಯ ಮೂರನೆಯ ವರ್ಷ ದೊಡ್ಡ ಪ್ರವಾಹ ಬಂತು. ಅದಕ್ಕೆ ಹತ್ತು ದಿನ ಮುಂಚೆ ಮೇಲೂರಿನವರು ಮತ್ತೆ ಅಕ್ಕಿ ಕೇಳಿದ್ದರು, ನಾವು ಮತ್ತೆ ಇಲ್ಲ ಅಂದಿದ್ದೆವು. ಅಟ್ಟದಲ್ಲಿಟ್ಟ ಅಕ್ಕಿಗೆ ಹುಳ ಬಿತ್ತು. ಮೂಟೆಗಟ್ಟಲೆ ಹುಳ. ಯಾರಿಗೂ ಕಾಣದಿರಲಿ ಅಂತ ಹೊಳೆಗೆ ತಳ್ಳಿದೆವು, ಬಲೆ ಇದೆಯಲ್ಲ ಅನ್ನುವ ಧೈರ್ಯ. ಎಳೆದು ಸುಡುವ ಮುಂಚೆ ನೀರು ಏರಿತು. ಮೂಟೆಗಳೆಲ್ಲ ಬಲೆಗೆ ಒರಗಿಕೊಂಡು ನಿಂತವು. ಒಂದೊಂದರ ಮೇಲೂ ನೀಲಿ ಬಣ್ಣದಲ್ಲಿ ನಮ್ಮೂರಿನ ಮುದ್ರೆ.

ನಾಲ್ಕನೆಯ ದಿನ ಬೆಳಗ್ಗೆ, ಬಿಸಿಲು ಚೆನ್ನಾಗಿಯೇ ಇತ್ತು, ಮೇಲೂರಿನ ಒಬ್ಬಳು ಹುಡುಗಿ ತೇಲಿಕೊಂಡು ಬಂದಳು. ಬುಟ್ಟಿ ಹೆಣೆಯುವವಳ ಮಗಳು, ಹೊನ್ನಿ. ಹತ್ತೊಂಬತ್ತು ವರ್ಷ ಇರಬಹುದು. ಬಿದಿರಿನ ಹೊರೆಯೊಂದನ್ನು ತಬ್ಬಿಕೊಂಡಿದ್ದಳು. ತಲೆ ಮೇಲಿತ್ತು, ಕಣ್ಣು ತೆರೆದಿತ್ತು. ಹಾಗೇ ಬಿಟ್ಟಿದ್ದರೆ ಇರುಕು ದಾಟಿ ಕೆಳವೂರಿನ ಕೊಕ್ಕೆಗೆ ಸಿಗುತ್ತಿದ್ದಳು. ಬಿದಿರು ಬಲೆಗೆ ಸಿಕ್ಕಿಕೊಂಡಿತು. ಅವಳೂ ಸಿಕ್ಕಿಕೊಂಡಳು. ನೀರು ಹಿಂದಿನಿಂದ ಅವಳ ಮೇಲೆ ಹತ್ತಿ ಹತ್ತಿ ಬೀಳತೊಡಗಿತು.

ನಾವು ಇಪ್ಪತ್ತು ಜನ ದಡದಲ್ಲಿದ್ದೆವು. ಬಲೆಯ ಹಗ್ಗ ಗೂಟಕ್ಕೆ ಕಟ್ಟಿತ್ತು, ಮಚ್ಚು ನನ್ನ ಕೈಯಲ್ಲಿತ್ತು. ಒಂದು ಏಟು ಸಾಕು.

'ತಡಿ,' ಅಂದರು ಯಜಮಾನರು.

'ಯಜಮಾನ್ರೇ, ಹುಡುಗಿ...'

'ಕಾಣುತ್ತಪ್ಪ, ನಂಗೂ ಕಣ್ಣಿದೆ. ಹಗ್ಗ ಕಡಿದ್ರೆ ಮೂಟೆನೂ ಹೋಗುತ್ತೆ. ಆ ಮುದುಕಿ ಮೇಲೂರಿನವರ ಮುಂದೆ ಒಂದೊಂದೇ ಮೂಟೆ ಎಣಿಸ್ತಾಳೆ. ಊರಿನ ಮಾನ ಉಳಿಯುತ್ತಾ? ಮೊದಲು ಮೂಟೆ ಎಳ್ಕೊಳ್ಳೋಣ. ಬೇಗ ಬೇಗ. ಆಮೇಲೆ ಕಡಿ.'

ಯಾರೂ ಬೇಡ ಅನ್ನಲಿಲ್ಲ. ನಾನೂ ಅನ್ನಲಿಲ್ಲ. ಮಚ್ಚನ್ನು ಸೊಂಟಕ್ಕೆ ಸಿಕ್ಕಿಸಿಕೊಂಡು ನಾನೂ ಮೂಟೆ ಎಳೆಯುವ ಹಗ್ಗಕ್ಕೆ ಕೈ ಹಾಕಿದೆ. ನಮ್ಮೂರಿನವರು ಅಷ್ಟು ಒಗ್ಗಟ್ಟಾಗಿ ದುಡಿದದ್ದನ್ನು ನಾನು ಅದಕ್ಕೆ ಮೊದಲು ನೋಡಿರಲಿಲ್ಲ. ಅವಳು ಕೂಗುತ್ತಿದ್ದಳು. ಎಲ್ಲ ಮೂಟೆ ಮೇಲೆ ಬರುವ ಮೊದಲೇ ಕೂಗು ನಿಂತಿತು. ಆಮೇಲೆ ಹಗ್ಗ ಕಡಿಯುವ ಅಗತ್ಯವೂ ಇರಲಿಲ್ಲ. ನೀರು ಇಳಿದ ಮೇಲೆ ಅವಳನ್ನು ಎತ್ತಿ ಬಟ್ಟೆಗೆ ಬಣ್ಣ ಹಾಕುವ ಕೊಟ್ಟಿಗೆಯ ಹಿಂದೆ, ಒಂದು ನೇರಳೆ ಮರದ ಬುಡದಲ್ಲಿ ಹೂತೆವು. ಊರಿಡೀ ಸ್ನಾನ ಮಾಡಿತು.

ಆ ವರ್ಷದ ಹೇಳಿಕೆಗೆ ಬುಟ್ಟಿ ಹೆಣೆಯುವವಳು ಮೊದಲ ಮೆಟ್ಟಿಲಿನ ಮೇಲೆ ಕೂತಳು. ನಾನು ನೀರಿಗೆ ಇಳಿದೆ. ಮೂರು ಸಲ ಎತ್ತಿದೆ, ಮೂರು ಸಲ ಬಿಟ್ಟೆ. ಕೂಡಿಸುವುದಿಲ್ಲ, ಕಳೆಯುವುದಿಲ್ಲ ಅಂದೆ. ಕೆಸರು ಬಂತು ಅಂದೆ. ಮರ ಬಂತು, ಎರಡು ಎಮ್ಮೆ ಬಂತು ಅಂದೆ. ಕೊನೆಗೆ, 'ಮನುಷ್ಯರು ಯಾರೂ ಬರಲಿಲ್ಲ' ಅಂದೆ. ಅವಳು ಎರಡೂ ಕೈ ಎತ್ತಿ ನನಗೆ ಮುಗಿದಳು.

ಕಲ್ಲು ಒಡೆಯಲಿಲ್ಲ, ಹೊಳೆ ಉಕ್ಕಲಿಲ್ಲ. ನನ್ನ ನಾಲಿಗೆ ಇದ್ದ ಹಾಗೇ ಇತ್ತು. ಅವತ್ತು ಮಧ್ಯಾಹ್ನ ಚೆನ್ನಾಗಿ ಹಸಿವೂ ಆಯಿತು, ಥೂ.

ಹೀಗೆ ಆರು ವರ್ಷ. ಆರು ವರ್ಷವೂ ಅವಳು ಮೊದಲ ಮೆಟ್ಟಿಲಿನ ಮೇಲೆ ಕೂತಳು. ಆರು ವರ್ಷವೂ ನಾನು 'ಯಾರೂ ಬರಲಿಲ್ಲ' ಅಂದೆ. ಆರು ವರ್ಷವೂ ಮಾರನೆಯ ದಿನ ಕೆಳವೂರಿನ ಮುದುಕಿ ನಮಗೆ 'ಏನೂ ಬರಲಿಲ್ಲ' ಅಂದಳು. ನಮ್ಮೂರಿಗೆ ಕಥೆಯೇ ಇಲ್ಲದಾಯಿತು. ಮಕ್ಕಳು ಬಂದು, 'ತಾತ, ನಮ್ಮೂರಲ್ಲಿ ಏನು ನಡೀತು?' ಅಂತ ಕೇಳಿದರೆ, ದೊಡ್ಡವರು 'ಏನೂ ನಡೀಲಿಲ್ಲ, ಹೋಗಿ ಆಡ್ಕೋ' ಅನ್ನುತ್ತಿದ್ದರು.

ಏಳನೆಯ ವರ್ಷ ಹೇಳಿಕೆಯ ಬೆಳಗ್ಗೆ ಬುಟ್ಟಿ ಹೆಣೆಯುವವಳು ನೇರ ನನ್ನ ಮನೆಗೇ ಬಂದಳು. ನಾನು ಜಗಲಿಯ ಮೇಲೆ ಕೂತು ಮುದ್ದೆ ಮುರಿಯುತ್ತಿದ್ದೆ. ಅವಳ ಕಂಕುಳಲ್ಲಿ ಹೊಸ ಮೊರ. ಕೂದಲೆಲ್ಲ ಬೆಳ್ಳಗಾಗಿತ್ತು. ನನ್ನ ಹೆಂಡತಿ ಅವಳನ್ನು ಕಂಡವಳೇ ಒಳಗೆ ಹೋಗಿಬಿಟ್ಟಳು.

'ಅಣ್ಣಾ, ಇದು ನಿಮ್ಮ ಮನೆಗೆ,' ಅಂತ ಮೊರವನ್ನು ಜಗಲಿಯ ಮೇಲಿಟ್ಟಳು.

'ಯಾಕಮ್ಮ ಇದೆಲ್ಲ?'

'ಯಾಕೆ ಅಂತ ಕೇಳ್ತೀರಲ್ಲ! ವರ್ಷ ವರ್ಷ ನೀವು ಯಾರೂ ಬರಲಿಲ್ಲ ಅಂದಾಗ ನಂಗೆ ಜೀವ ಬರುತ್ತೆ. ಊರಿಗೆ ಹೋಗಿ ಬೆಲ್ಲ ಹಂಚ್ತೀನಿ. ನಮ್ಮವರೆಲ್ಲ ಬಿಟ್ಟುಬಿಡು ಅಂತಾರೆ. ನಾನ್ಯಾಕೆ ಬಿಡಲಿ? ಹೇಳುವವರ ನಾಲಿಗೆ ಸುಳ್ಳಾಡುತ್ತಾ? ಇದೇ ಹೊಳೆ ಹಿಡ್ಕೊಂಡು ಎಲ್ಲೋ ದಡ ಹತ್ತಿದ್ದಾಳೆ, ಎಲ್ಲೋ ಇದ್ದಾಳೆ. ನಿಮ್ಮ ಮಾತಿನ ಮೇಲೆ ಅವಳು ಬದುಕಿದ್ದಾಳೆ, ಅಣ್ಣಾ.'

ನನ್ನ ಕೈಯಲ್ಲಿ ಮುದ್ದೆ ಹಾಗೇ ಇತ್ತು. ಅವಳು ನನ್ನ ಕಾಲು ಮುಟ್ಟಲು ಬಗ್ಗಿದಳು. ನಾನು ಕಾಲೆಳೆದುಕೊಂಡೆ. 'ಬೇಡಮ್ಮ, ಬೇಡ' ಅಂದೆ. ಅವಳು ನಕ್ಕು, 'ದೊಡ್ಡವರು ನೀವು' ಅಂದಳು.

ನಾಚಿಕೆ ಅಂದರೆ ಏನು ಅಂತ ನನಗೆ ಗೊತ್ತಿದೆ ಅಂದುಕೊಂಡಿದ್ದೆ. ಗೊತ್ತಿರಲಿಲ್ಲ. ಬೈಸಿಕೊಂಡಾಗ ಬರುವುದು ನಾಚಿಕೆಯಲ್ಲ. ನಾನು ಸಾಯಿಸಿದ ಮಗುವಿನ ತಾಯಿ ನನ್ನ ಕಾಲಿಗೆ ಬಿದ್ದಾಗ ಬಂದಿತಲ್ಲ, ಅದು. ಹಿತ್ತಲಿಗೆ ಹೋಗಿ ಕಕ್ಕಿದೆ. ನನ್ನ ಹೆಂಡತಿ ನೀರು ತಂದುಕೊಟ್ಟು, 'ಇವತ್ತಾದ್ರೂ ಹೇಳಿ' ಅಂದಳು, ಅಷ್ಟೇ.

ಸೋಪಾನದ ಮೇಲೆ ಎಲ್ಲರೂ ಕೂತಿದ್ದರು. ಹಿಂದೆ ನಮ್ಮೂರು ನಿಂತಿತ್ತು. ನಾನು ನೀರಿಗೆ ಇಳಿದೆ. ಮೂರು ಸಲ ಎತ್ತಿದೆ, ಮೂರು ಸಲ ಬಿಟ್ಟೆ. 'ಮೇಲಿನವರೇ, ನಿಮ್ಮಿಂದ ಬಂದದ್ದನ್ನು ಬಂದ ಹಾಗೆ ಹೇಳುತ್ತೇನೆ.' ಮುಂದಿನ ಮಾತು ಬಾಯಿಗೆ ಬರಲಿಲ್ಲ. ಕಳೆಯುವುದಿಲ್ಲ ಅಂತ ಯಾವ ಮುಖ ಇಟ್ಟುಕೊಂಡು ಅನ್ನಲಿ?

'ಏಳು ವರ್ಷದ ಹಿಂದೆ,' ಅಂದೆ, 'ದೊಡ್ಡ ನೀರಿನಲ್ಲಿ ಹೊನ್ನಿ ಬಂದಳು.'

ಹಿಂದಿನಿಂದ ಯಜಮಾನರು ಜೋರಾಗಿ ಕೆಮ್ಮಿದರು. 'ಅವನಿಗೆ ಮೈ ಸರಿಯಿಲ್ಲ,' ಅಂದರು, 'ಮೇಲೆ ಕರ್ಕೊಳ್ರಪ್ಪ.' ಇಬ್ಬರು ಇಳಿಯಲು ನೋಡಿದರು. ಮೇಲೂರಿನವರು ದಾರಿ ಬಿಡಲಿಲ್ಲ. ಎದ್ದು ನಿಲ್ಲಲೂ ಇಲ್ಲ, ಕೂತಲ್ಲೇ ಕೂತು ದಾರಿ ಬಿಡಲಿಲ್ಲ.

ಬುಟ್ಟಿ ಹೆಣೆಯುವವಳು ಕೇಳಿದಳು: 'ಹೆಂಗೆ ಬಂದ್ಲು?'

'ಜೀವ ಇತ್ತಮ್ಮ. ಕಣ್ಣು ತೆರೆದಿತ್ತು.'

ಬಲೆಯ ವಿಷಯ ಹೇಳಿದೆ. ಮೂಟೆಯ ವಿಷಯ ಹೇಳಿದೆ. ಮಚ್ಚು ನನ್ನ ಕೈಯಲ್ಲಿತ್ತು ಅಂತ ಹೇಳಿದೆ. ಯಜಮಾನರ ಮಾತನ್ನು ಹೇಳಲಿಲ್ಲ, ಕಡಿಯಬೇಕಾಗಿದ್ದ ಕೈ ನನ್ನದು. ನಮ್ಮೂರಿನವರು ಒಬ್ಬೊಬ್ಬರಾಗಿ ಹೊಳೆಗೆ ಬೆನ್ನು ಹಾಕಿ ನಿಂತರು.

'ಎಷ್ಟು ಹೊತ್ತು?' ಅಂದಳು ಅವಳು.

'ಏನು ಎಷ್ಟು ಹೊತ್ತಮ್ಮ?'

'ಅವಳು ಬಲೆಯಲ್ಲಿ ಎಷ್ಟು ಹೊತ್ತು ಇದ್ಲು, ಜೀವ ಇಟ್ಕೊಂಡು?'

ಕೂಡಿಸಬಾರದು, ಕಳೆಯಬಾರದು. 'ಒಂಬತ್ತು ಮೂಟೆ ಎಳೆಯೋಷ್ಟು ಹೊತ್ತು' ಅಂದೆ.

ಅವಳು ತನ್ನ ಕೈಗಳನ್ನು ನೋಡಿಕೊಂಡಳು. ಭಾರ ಎತ್ತುವುದು ಗೊತ್ತಿದ್ದವಳು, ಒಂಬತ್ತು ಮೂಟೆ ಎಷ್ಟು ಹೊತ್ತು ಅಂತ ಲೆಕ್ಕ ಹಾಕುತ್ತಿದ್ದಳು. ಅವಳು ಅಳಲಿಲ್ಲ. ಮೇಲೂರಿನ ಹೆಂಗಸರು ಅವಳ ಬದಲಿಗೆ ಅಳತೊಡಗಿದರು, ಅವಳು ಕೈ ಎತ್ತಿ ಅವರನ್ನು ಸುಮ್ಮನಾಗಿಸಿದಳು.

'ಕೂಗಿದ್ಲಾ?'

'ಕೂಗಿದಳು.'

'ಏನಂತ?'

ಇದನ್ನು ನಾನು ನನ್ನ ಹೆಂಡತಿಗೂ ಹೇಳಿರಲಿಲ್ಲ. ಹೊನ್ನಿ ಚಿಕ್ಕಂದಿನಿಂದ ಪ್ರತಿವರ್ಷ ತಾಯಿಯ ಜೊತೆ ಬಂದು ನನ್ನೆದುರು ಕೂತು ಕಥೆ ಕೇಳಿದವಳು, ಕಥೆ ಹೇಳುವ ನನ್ನನ್ನು 'ಹೇಳೋ ಮಾವ' ಅಂತಲೇ ಕರೆಯುತ್ತಿದ್ದವಳು. ದಡದಲ್ಲಿದ್ದ ಇಪ್ಪತ್ತು ಜನರಲ್ಲಿ ಅವಳಿಗೆ ತೀರ ಪರಿಚಯದ ಮುಖ ನನ್ನದೊಂದೇ.

'ಮಾವಾ ಅಂತ ಕೂಗಿದಳು' ಅಂದೆ. 'ಹೇಳೋ ಮಾವಾ, ಹೇಳೋ ಮಾವಾ ಅಂತ. ನನ್ನನ್ನೇ ನೋಡ್ಕೊಂಡು ಕೂಗಿದಳು.'

'ನೀವು ಓ ಅಂದ್ರಾ?'

ಹೊಳೆ ಹರಿಯುತ್ತಿತ್ತು. ಮೊಣಕಾಲಿನ ಸುತ್ತ ನೀರು ತಣ್ಣಗಿತ್ತು.

'ಇಲ್ಲಮ್ಮ' ಅಂದೆ. 'ಓ ಅನ್ನಲಿಲ್ಲ. ತಲೆ ತಗ್ಗಿಸಿ ಹಗ್ಗ ಎಳೆದೆ.'

ಅವಳು ಎದ್ದು ನಿಂತಳು. ಮೆಟ್ಟಿಲಿಳಿದು ನೀರಿಗೆ ಬಂದಳು. ಹೊಡೆಯುತ್ತಾಳೆ ಅಂದುಕೊಂಡೆ, ಹೊಡೆಯಲಿ ಅಂತ ಮುಖ ಎತ್ತಿದೆ. ಹೊಡೆಯಲಿಲ್ಲ. ನನ್ನ ರಟ್ಟೆ ಹಿಡಿದು ನನ್ನನ್ನು ಇರುಕಿನ ಕಡೆಗೆ, ನೀರು ಓಡುವ ಕಡೆಗೆ ತಿರುಗಿಸಿ ನಿಲ್ಲಿಸಿದಳು.

'ಕರೆದಿದ್ದಾಳಲ್ಲ,' ಅಂದಳು. 'ಈಗ ಅನ್ನಿ.'

ಮೂವತ್ತೊಂದು ವರ್ಷ ಮಾತಿನಿಂದಲೇ ಬದುಕಿದವನಿಗೆ ಒಂದು ಅಕ್ಷರ ಹೊರಡಲಿಲ್ಲ. ಅವಳು ಕಾದಳು. ಏಳು ವರ್ಷ ಕಾದವಳು.

'ಓ' ಅಂದೆ.

'ಇನ್ನೂ ಜೋರಾಗಿ, ಅಣ್ಣಾ,' ಅಂದಳು. 'ಈ ನೀರಿನ ಸದ್ದಿನಲ್ಲಿ ಅವಳಿಗೆ ಕೇಳೋದಿಲ್ಲ.'